ಅವ್ವನ ಹೊಲ ದೊಡ್ಡದು ಮಾಡಿದ್ದು

"ಆಟ ತಾನೇ" ಎಂದು ಯಾರಾದರೂ ಅಂದರೆ ನನಗೆ ಈಗಲೂ ಮೈ ಉರಿಯುತ್ತದೆ. ಹುನಗುಂದದ ನಮ್ಮ ಓಣಿಯಲ್ಲಿ ಈ ಮಾತು ಯಾರು ಯಾರು ಅಂದರು, ಯಾವ ಮುಖ ಮಾಡಿಕೊಂಡು ಅಂದರು ಎನ್ನುವುದು ನನಗೆ ಚೆನ್ನಾಗಿ ನೆನಪಿದೆ. ಎದುರುಮನೆಯವರು ಅಂದರು, ನಾನು ಕಲಿಸುವ ಸಾಲೆಯ ಹೆಡ್‌ಮಾಸ್ತರರು ಅಂದರು, ನಮ್ಮ ಮನೆಯವರೂ ಒಮ್ಮೆ ಅಂದು ಆಮೇಲೆ ಎರಡು ದಿನ ತಾವೇ ಚಹಾ ಮಾಡಿಕೊಂಡು ಕುಡಿದರು. ನಡೆದದ್ದು ಇಷ್ಟು. ಒಂದು ರವಿವಾರ ಮಧ್ಯಾಹ್ನ ನನ್ನ ತಮ್ಮ, ಟೀವಿಗೆ ಹಚ್ಚಿದ ಕನ್ಸೋಲಿನಲ್ಲಿ ಅವ್ವ ಏಳು ತಿಂಗಳು ಆಡಿ ಉಳಿಸಿಟ್ಟಿದ್ದ ಆಟವನ್ನು ಪೂರ್ತಿ ಅಳಿಸಿ, ಮೊದಲಿನಿಂದ ಶುರು ಮಾಡಿಬಿಟ್ಟ. ಆ ಏಳು ತಿಂಗಳಲ್ಲಿ ಅವ್ವನ ಬಲಗೈಗೆ ಜೀವ ಮರಳಿತ್ತು. ಆಟ ಹೋದ ಮೇಲೆ ಆ ಕೈಯೂ ಹೋಗುತ್ತದೇನೋ ಎಂಬ ಭಯಕ್ಕೆ ನನ್ನ ಸಿಟ್ಟು ಇನ್ನಷ್ಟು ಏರಿತು.

ಅವ್ವ ಇಳಕಲ್ಲಿನಲ್ಲಿ ನಲವತ್ತು ವರ್ಷ ಸೀರೆ ನೇಯ್ದವಳು. ಕುಣಿಮಗ್ಗದಲ್ಲಿ ಕಾಲು ಇಳಿಬಿಟ್ಟು ಕೂತರೆ ಊಟಕ್ಕೆ ಮೂರು ಸಲ ಕರೆಯಬೇಕಾಗುತ್ತಿತ್ತು. ಹೋದ ವರ್ಷದ ಹಿಂದಿನ ವರ್ಷ ಬೇಸಿಗೆಯಲ್ಲಿ ಆಕೆಗೆ ಲಕ್ವಾ ಹೊಡೆಯಿತು. ಬಲಗಡೆಯ ಕಾಲು ಎರಡು ತಿಂಗಳಲ್ಲಿ ಮಾತು ಕೇಳಿತು, ನಾಲಿಗೆ ತುಸು ತೊದಲುತ್ತ ಕೇಳಿತು, ಕೈ ಮಾತ್ರ ಕೇಳಲಿಲ್ಲ. ಬೆರಳು ಮುಷ್ಟಿ ಕಟ್ಟಿಕೊಂಡು ಮಡಿಲಲ್ಲಿ ಬಿದ್ದಿರುತ್ತಿತ್ತು. ತಮ್ಮನ ಮನೆಯಲ್ಲಿ ಗಂಡ ಹೆಂಡತಿ ಇಬ್ಬರೂ ಗ್ರಾನೈಟ್ ಕಾರ್ಖಾನೆಗೆ ದುಡಿಯಲು ಹೋಗುತ್ತಾರೆ, ಹಗಲೆಲ್ಲ ನೋಡಿಕೊಳ್ಳುವವರಿಲ್ಲ ಎಂದು ಅವ್ವನನ್ನು ನಾನೇ ಹುನಗುಂದಕ್ಕೆ ಕರೆತಂದೆ. ನಮ್ಮ ಅತ್ತೆಯವರು ಮನೆಯಲ್ಲಿದ್ದರು. ನಾನು ಸಾಲೆ ಬಿಟ್ಟ ಕೂಡಲೇ ಮನೆ ಸೇರುತ್ತಿದ್ದೆ.

ಹದಿನೈದು ದಿನಕ್ಕೊಮ್ಮೆ ಬಾಗಲಕೋಟೆಗೆ ಬಸ್ಸಿನಲ್ಲಿ ಕರೆದೊಯ್ದು ವ್ಯಾಯಾಮ ಮಾಡಿಸುವ ಡಾಕ್ಟರಮ್ಮನಿಗೆ ತೋರಿಸುತ್ತಿದ್ದೆವು. ಅವರು ಒಂದು ರಬ್ಬರ್ ಚೆಂಡು ಕೊಟ್ಟು, ದಿನಕ್ಕೆ ನೂರು ಸಲ ಹಿಚುಕಬೇಕು ಅಂದರು. ಅವ್ವ ಅದನ್ನು ಎರಡು ದಿನ ಹಿಚುಕಿ ಮೂರನೇ ದಿನ ಹಿತ್ತಲಿಗೆ ಎಸೆದಳು, ಅದೂ ಎಡಗೈಯಿಂದ. ಏನೂ ಆಗದ ಕೆಲಸವನ್ನು ನೂರು ಸಲ ಮಾಡು ಅಂದರೆ ಯಾರು ಮಾಡುತ್ತಾರೆ ಎಂದು ಆಕೆಯ ವಾದ. ಗೋಧಿಹಿಟ್ಟಿನ ಉಂಡೆ ಕೊಟ್ಟೆ, ಬಟ್ಟೆ ಹಿಂಡಲು ಕೊಟ್ಟೆ, ಅವರೆಕಾಯಿ ಸುಲಿಯಲು ಕೊಟ್ಟೆ. ಎಲ್ಲವನ್ನೂ ಎಡಗೈಯಿಂದ ಮುಗಿಸಿ ಬುಟ್ಟಿಯನ್ನು ನನ್ನ ಕಡೆ ದೂಡುತ್ತಿದ್ದಳು. ಡಾಕ್ಟರಮ್ಮ ಕೊನೆಗೆ, ಆಕೆಯ ಬೆರಳಿಗೆ ಏನು ಇಷ್ಟವೋ ಅದನ್ನು ಹುಡುಕಿರಿ, ಇಲ್ಲದಿದ್ದರೆ ಮುಷ್ಟಿ ಹಾಗೇ ಗಟ್ಟಿಯಾಗಿಬಿಡುತ್ತದೆ ಎಂದು ನನಗೊಬ್ಬಳಿಗೇ ಹೊರಗೆ ಕರೆದು ಹೇಳಿದರು.

ಕನ್ಸೋಲ್ ತಂದವನು ತಮ್ಮನೇ. ಈ ಮಾತನ್ನು ನಾನು ಮುಚ್ಚಿಡುವುದಿಲ್ಲ, ಮುಚ್ಚಿಟ್ಟರೂ ಅವನು ಬಿಡುವುದಿಲ್ಲ. ಮದುವೆಗೆ ಮೊದಲು ಗೆಳೆಯನಿಂದ ತಗೊಂಡದ್ದು, ಅಟ್ಟದ ಮೇಲೆ ಬಿದ್ದಿತ್ತಂತೆ. ಚೀಲದಲ್ಲಿ ಹಾಕಿಕೊಂಡು ಬಂದು ನಮ್ಮ ಟೀವಿಗೆ ತಂತಿ ಚುಚ್ಚತೊಡಗಿದಾಗ ನಾನು ಬೈದೆ. ಲಕ್ವಾ ಹೊಡೆದ ಹೆಂಗಸಿಗೆ ಪೋರರ ಆಟ ಹಚ್ಚಿಕೊಡುತ್ತೀಯಾ, ಜನ ಏನೆಂದಾರು ಅಂದೆ. ಅವನು ನನ್ನ ಕಡೆ ನೋಡದೆ, ಎರಡೂ ಕೈಯಲ್ಲಿ ಹಿಡಿಯುವ ಆ ಗುಂಡಿಗಳ ಡಬ್ಬಿಯನ್ನು ಅವ್ವನ ಮಡಿಲಲ್ಲಿಟ್ಟು, ಬಲ ಹೆಬ್ಬೆರಳನ್ನು ತಾನೇ ಬಿಡಿಸಿ ಒಂದು ಗುಂಡಿಯ ಮೇಲೆ ಕೂರಿಸಿದ.

ಅದು ಒಕ್ಕಲುತನದ ಆಟ. ಕಲ್ಲು, ಕಸ, ಕಂಟಿ ತುಂಬಿದ ಒಂದು ತುಂಡು ನೆಲ ಸಿಗುತ್ತದೆ. ಟೋಪಿ ಹಾಕಿದ ಒಬ್ಬ ಸಣ್ಣ ಮನುಷ್ಯನನ್ನು ನಡೆಸಿಕೊಂಡು ಹೋಗಿ ಕಲ್ಲು ಒಡೆಯಬೇಕು, ಅಗೆಯಬೇಕು, ಬಿತ್ತಬೇಕು, ನೀರು ಹಾಕಬೇಕು. ಸಂಜೆ ಆ ಮನುಷ್ಯನನ್ನು ಮನೆಯೊಳಗೆ ಮಲಗಿಸಿದರೆ ಆ ದಿನದ ದುಡಿಮೆ ಉಳಿಯುತ್ತದೆ, ಮಲಗಿಸದೆ ಎದ್ದು ಹೋದರೆ ಇಲ್ಲ. ಈ ನಿಯಮ ಅವ್ವನಿಗೆ ಭಾಳ ಹಿಡಿಸಿತು. ಒಕ್ಕಲುತನವನ್ನು ಆಕೆ ಜನ್ಮದಲ್ಲಿ ಮಾಡಿದವಳಲ್ಲ. ಆಕೆಯ ಕಣ್ಣಿಗೆ ಕಂಡದ್ದು ಬೇರೆ. ಆ ನೆಲ ಸಣ್ಣ ಸಣ್ಣ ಚೌಕ ಚೌಕ. ಎಣಿಸಿ ನೆಟ್ಟರೆ ಎಣಿಸಿದಂತೆ ಬೆಳೆಯುತ್ತದೆ. ಎಳೆ ಎಣಿಸಿ ಬದುಕಿದ ಹೆಂಗಸಿಗೆ ಇನ್ನೇನು ಬೇಕು.

ಮೊದಲ ವಾರ ಒಂದು ಕಲ್ಲು ಒಡೆಯಲು ಆಕೆಗೆ ಅರ್ಧ ತಾಸು ಬೇಕಾಯಿತು. ಹೆಬ್ಬೆರಳು ಜಾರುತ್ತಿತ್ತು. ಎಡಗೈ ಸಹಾಯಕ್ಕೆ ಬಂದರೆ ತಾನೇ ಬೈದು ಹಿಂದೆ ಕಳಿಸುತ್ತಿದ್ದಳು. ಚೆಂಡಿಗೆ ಇಲ್ಲದ ಮರ್ಯಾದೆ ಆ ಕಲ್ಲಿಗೆ ಸಿಕ್ಕಿತು. ಎರಡನೇ ತಿಂಗಳು ಬೀಜ ಬಿದ್ದವು. ನಾಲ್ಕನೇ ತಿಂಗಳು ಜೋಳದ ರೊಟ್ಟಿಯನ್ನು ಬಲಗೈಯಿಂದ ಮುರಿದಳು. ಮುರಿದು, ಯಾರೂ ನೋಡಲಿಲ್ಲವೆಂದು ತಿಳಿದು, ಇನ್ನೊಂದು ಚೂರು ಮುರಿದಳು. ನಾನು ಪಲ್ಯ ತರುವ ನೆವದಲ್ಲಿ ಅಡುಗೆಮನೆಗೆ ಹೋಗಿ ಅತ್ತು ಬಂದೆ. ಆರನೇ ತಿಂಗಳಿಗೆ ಕುಪ್ಪಸದ ಹುಕ್ಕು ತಾನೇ ಹಾಕಿಕೊಳ್ಳತೊಡಗಿದಳು, ಆ ಒಂದು ಕೆಲಸಕ್ಕೆ ಮಗಳನ್ನು ಕರೆಯುವುದು ಎಷ್ಟು ನೋವಾಗಿತ್ತೆಂದು ಆವತ್ತು ಮೊದಲ ಸಲ ಬಾಯಿ ಬಿಟ್ಟು ಹೇಳಿದಳು.

ಅಷ್ಟರಲ್ಲಿ ಆ ನೆಲದಲ್ಲಿ ಒಂದು ಸೆರಗು ಬೆಳೆದಿತ್ತು. ಕೆಂಪು ಹೂವಿನ ನಡುವೆ ಬಿಳಿ ಹೂವು ನೆಟ್ಟು ಇಳಕಲ್ ಸೀರೆಯ ತೋಪತೆನಿ ಸೆರಗಿನ ಗುರುತುಗಳನ್ನು ಒಂದೊಂದಾಗಿ ಎಬ್ಬಿಸಿದ್ದಳು. ಬಾಚಣಿಗೆಯ ಹಲ್ಲಿನಂಥ ಹಣಿಗಿ ಸಾಲು, ಅದರ ಮೇಲೆ ಕೋಟೆಗೋಡೆಯ ಸಾಲು, ಅದರ ಮೇಲೆ ಜೋಳದ ತೆನೆ. ನೋಡಲು ಬಂದ ಬಳಗದವರು, ಈ ವಯಸ್ಸಿನಲ್ಲಿ ಇದೇನು ಹುಚ್ಚು ಎಂದು ನಕ್ಕು ಹೋಗುತ್ತಿದ್ದರು. ನಗುವವರಿಗೆ ಆಕೆಯ ಕೈ ಕಾಣಲಿಲ್ಲ, ಟೋಪಿಯ ಮನುಷ್ಯ ಮಾತ್ರ ಕಂಡ. ಡಾಕ್ಟರಮ್ಮನಿಗೆ ಕಂಡಿತು. ಅವ್ವನ ಹೆಬ್ಬೆರಳನ್ನು ಹಿಡಿದು ಹಿಂದೆ ಮುಂದೆ ಮಾಡಿ, ಇದನ್ನು ಬಿಡಬೇಡಿರಿ ಎಂದಷ್ಟೇ ಹೇಳಿದರು.

ಆ ರವಿವಾರ ನಾನು ಊರಲ್ಲಿರಲಿಲ್ಲ. ಬಾದಾಮಿಯ ಹತ್ತಿರ ನನ್ನ ಜೊತೆ ಕೆಲಸ ಮಾಡುವವರೊಬ್ಬರ ಮನೆಯ ತೊಟ್ಟಿಲ ಕಾರ್ಯಕ್ಕೆ ಹೋಗಿದ್ದೆ. ತಮ್ಮ ಇಳಕಲ್ಲಿನಿಂದ ಬಂದು ಅವ್ವನ ಜೊತೆ ಕೂಡುವುದಾಗಿ ಹೇಳಿದ್ದ. ಬರುವಾಗ ಕುಳಗೇರಿ ಕ್ರಾಸಿನಲ್ಲಿ ಬಸ್ಸು ತಡವಾಯಿತು, ಮನೆ ಮುಟ್ಟಿದಾಗ ಐದು ಹೊಡೆದಿತ್ತು. ತಮ್ಮ ಕಾಲು ಚಾಚಿ ಕೂತು ಚುರಮುರಿ ಸೂಸಲ ತಿನ್ನುತ್ತಿದ್ದ. ಅವ್ವ ಗೋಡೆಯ ಕಡೆ ಮುಖ ಮಾಡಿ ಮಲಗಿದ್ದಳು. ಹಗಲು ಮಲಗುವ ಹೆಂಗಸಲ್ಲ ಆಕೆ. ಟೀವಿಯಲ್ಲಿ ಕಲ್ಲು, ಕಸ, ಕಂಟಿ ತುಂಬಿದ ಒಂದು ತುಂಡು ನೆಲ.

ನನಗೆ ಮೊದಲು ತಿಳಿಯಲೇ ಇಲ್ಲ. ಬೇರೆ ಯಾವುದೋ ಊರಿನ ನೆಲ ಇರಬೇಕು, ಅವ್ವನದು ಇದರಾಚೆ ಇರಬೇಕು ಎಂದು ಡಬ್ಬಿ ತಗೊಂಡು ಆ ಮನುಷ್ಯನನ್ನು ಅತ್ತ ಇತ್ತ ನಡೆಸಿದೆ. ಎಲ್ಲಾ ಕಡೆ ಕಲ್ಲು. ಹೂವೆಲ್ಲಿ ಎಂದು ಕೇಳಿದೆ. ತಮ್ಮ ಬಾಯಲ್ಲಿದ್ದದ್ದನ್ನು ನುಂಗಿ, ಹಳೆಯದನ್ನು ತೆಗೆದು ಹೊಸದು ಹಚ್ಚಿಕೊಟ್ಟಿದ್ದೇನೆ ಎಂದು ಹೇಳಿದ, ಸೈಕಲ್ಲಿಗೆ ಗಾಳಿ ಹಾಕಿಸಿ ತಂದಿದ್ದೇನೆ ಎನ್ನುವ ಧಾಟಿಯಲ್ಲಿ.

ನಾನು ಏನೇನು ಅಂದೆನೋ ಎಲ್ಲ ಬರೆಯಲಾರೆ. ಸಾಲೆಯಲ್ಲಿ ಮಕ್ಕಳಿಗೆ ಎಂದೂ ಅನ್ನದ ಮಾತುಗಳನ್ನು ಅಂದೆ. ಕಾರ್ಖಾನೆಯಲ್ಲಿ ಕಲ್ಲಿಗೆ ಹೊಳಪು ಕೊಟ್ಟು ಕೊಟ್ಟು ನಿನ್ನ ತಲೆಯೂ ಕಲ್ಲಾಗಿದೆ ಅಂದೆ. ಅತ್ತೆಯವರು ಹಿತ್ತಲಿನಿಂದ ಓಡಿ ಬಂದರು. ಅವನು ಮೊದಲು ಬೆಪ್ಪಾದ, ಆಮೇಲೆ ಅವನಿಗೂ ಸಿಟ್ಟು ಬಂತು.

"ನಾ ಆಗಿ ಮಾಡಿಲ್ಲ ಅಕ್ಕಾ. ಅವ್ವನೇ ಹೇಳ್ಯಾಳ. ದೊಡ್ಡದು ಮಾಡಿ ಕೊಡು ಅಂದಳು, ಮಾಡಿ ಕೊಟ್ಟೆ" ಅಂದ.

ಈ ಮಾತು ನಮ್ಮ ಮನೆಯಲ್ಲಿ ಬೆಳೆಯದವರಿಗೆ ಅರ್ಥವಾಗಲಿಕ್ಕಿಲ್ಲ. ನಮ್ಮ ಕಡೆ ದೀಪ ಆರಿಸು ಅನ್ನುವುದಿಲ್ಲ. ಅದು ಕೆಟ್ಟ ಮಾತು, ಮನೆಯ ದೀಪಕ್ಕೆ ಅಂಥ ಮಾತು ತಾಗಬಾರದು. ದೀಪ ದೊಡ್ಡದು ಮಾಡು ಅನ್ನುತ್ತೇವೆ. ಬಳೆ ಒಡೆದರೆ ಬಳೆ ಹೆಚ್ಚಿದವು, ಡಬ್ಬಿಯಲ್ಲಿ ಅಕ್ಕಿ ತೀರಿದರೆ ಅಕ್ಕಿ ಹೆಚ್ಚಿದವು. ಬೇರೆ ಮನೆಗಳಲ್ಲಿ ಈ ದೊಡ್ಡದು ಮಾಡುವ ಮಾತು ದೇವರ ದೀಪಕ್ಕೆ ನಿಲ್ಲುತ್ತದೆ. ಅವ್ವ ಮಾತ್ರ ಬೆಳಕಿರುವ ಎಲ್ಲಕ್ಕೂ ಇದನ್ನೇ ಹಚ್ಚಿದಳು. ಬಲ್ಬು ದೊಡ್ಡದು ಮಾಡು, ಒಲೆ ದೊಡ್ಡದು ಮಾಡು, ಟೀವಿ ದೊಡ್ಡದು ಮಾಡು. ಮದುವೆಯಾದ ಹೊಸದರಲ್ಲಿ ನಮ್ಮ ಮನೆಯವರು ಇಳಕಲ್ಲಿಗೆ ಬಂದಾಗ, ಟೀವಿ ದೊಡ್ಡದು ಮಾಡ್ರಿ ಎಂದು ಅವ್ವ ಹೇಳಿದ್ದಕ್ಕೆ ಅವರು ಟೀವಿಯ ದನಿ ಏರಿಸಿದ್ದರು. ಅವ್ವ ಮತ್ತೆ ಹೇಳಿದಳು, ಅವರು ಮತ್ತೆ ಏರಿಸಿದರು. ಓಣಿಯವರೆಲ್ಲ ಬಾಗಿಲಿಗೆ ಬಂದರು. ಈ ಕಥೆಗೆ ನಮ್ಮ ಮನೆಯಲ್ಲಿ ಇಪ್ಪತ್ತು ವರ್ಷ ನಕ್ಕಿದ್ದೇವೆ.

ಗೋಡೆಯ ಕಡೆ ಮುಖ ಮಾಡಿದ್ದ ಅವ್ವ ಆಗ ಎದ್ದು ಕೂತಳು. ತೊದಲುತ್ತ, ನಿಂತು ನಿಂತು ಹೇಳಿದಳು.

"ಖರೇನ ದೊಡ್ಡದು ಮಾಡು ಅಂದಿದ್ದೆ. ಹೊಲಾ ಸಾಲವಲ್ದು, ಬೇಲಿ ಸರಿಸಿ ದೊಡ್ಡದು ಮಾಡು ಅಂತ."

ಆಟದಲ್ಲಿ ಹಾಗೊಂದು ಅನುಕೂಲ ಉಂಟು, ಬೇಲಿ ಆಚೆ ಸರಿಸಿ ನೆಲ ಹಿಗ್ಗಿಸಬಹುದು. ಸೆರಗಿನ ಮೂರು ಸಾಲು ಮುಗಿದು ನಾಲ್ಕನೆಯದಕ್ಕೆ ಜಾಗ ಇರಲಿಲ್ಲ. ಇನ್ನು ಇದರಲ್ಲಿ ಏನೂ ಹಿಡಿಯುವುದಿಲ್ಲ ಎಂದು ಆಕೆ ಅಂದದ್ದು, ತೊದಲಿನಲ್ಲಿ ಸಿಕ್ಕಿ, ಇನ್ನು ಇದರಲ್ಲಿ ಏನೂ ಇಲ್ಲ ಎಂದು ಅವನ ಕಿವಿಗೆ ಬಿತ್ತು. ದೊಡ್ಡದು ಮಾಡಿ ಕೊಡು ಎಂಬುದು, ನಲವತ್ತು ವರ್ಷ ಆ ಬಾಯಿಂದ ಕೇಳಿದ ಅರ್ಥದಲ್ಲೇ ಕೇಳಿಸಿತು. ಜೀವಮಾನದಲ್ಲಿ ಒಮ್ಮೆ ಅವ್ವ ಆ ಮಾತನ್ನು ಇದ್ದಂತೆ ಆಡಿದ್ದಳು, ಮಗ ಅದನ್ನು ಸಂಪ್ರದಾಯಬದ್ಧವಾಗಿ ಆರಿಸಿಬಿಟ್ಟ.

ಆ ಆಟ ಒಮ್ಮೆಗೆ ಒಂದೇ ಹೊಲ ಇಟ್ಟುಕೊಳ್ಳುತ್ತದೆ, ಹೊಸದು ಬೇಕೆಂದರೆ ಹಳೆಯದು ಹೋಗಲೇಬೇಕು. ಯಾರು ಮಾಡಿದರೋ ಈ ನಿಯಮ, ಅವರ ಕೈಗೆ ಒಂದು ಸಲ ಮಗ್ಗದ ಲಾಳಿ ಕೊಡಬೇಕು. ಅಳಿಸುವ ಮೊದಲು ಅದು ಕೇಳುತ್ತದೆಯಂತೆ, ಇಂಗ್ಲಿಷಿನಲ್ಲಿ, ಖರೆನಾ ಎಂದು. ಮತ್ತೊಮ್ಮೆ ಕೇಳುತ್ತದೆಯಂತೆ, ಮರಳಿ ಸಿಗುವುದಿಲ್ಲ ಎಂದು. ಯಂತ್ರ ಎರಡು ಸಲ ಕೇಳಿತು, ಹೊಟ್ಟೆಯಲ್ಲಿ ಹುಟ್ಟಿದವನು ಒಂದು ಸಲವೂ ಕೇಳಲಿಲ್ಲ. ಇದನ್ನು ನಾನು ಅವನ ಮುಖಕ್ಕೇ ಅಂದೆ. ಅವನು, ಮಾತಿನ ಎಡವಟ್ಟು ನೆನೆದು ಮೊದಲು ತುಸು ನಕ್ಕ. ಆ ನಗು ನನಗೆ ಸಹಿಸಲಾಗಲಿಲ್ಲ. ಟೀವಿ ಕಥೆಗೆ ಇಪ್ಪತ್ತು ವರ್ಷ ನಕ್ಕವಳು ನಾನೇ, ಆದರೂ ಅವನ ಆ ನಗುವನ್ನು ನಾನು ಇವತ್ತಿಗೂ ಮರೆತಿಲ್ಲ. ನಗು ಬಂದಷ್ಟೇ ಬೇಗ ಹೋಗಿ ಅವನ ಮುಖ ಬಾಡಿತು. ಫೋನು ಹಚ್ಚಿ ಬಾಗಲಕೋಟೆಯ ರಿಪೇರಿ ಅಂಗಡಿಯವನನ್ನು ಕೇಳಿದ, ಹಳೆಯ ಗೆಳೆಯನನ್ನು ಕೇಳಿದ. ಎಲ್ಲರೂ ಒಂದೇ ಹೇಳಿದರು. ಹೋದದ್ದು ಹೋಯಿತು. ಅವನು ಊಟ ಮಾಡದೆ ಇಳಕಲ್ಲಿನ ಬಸ್ಸು ಹತ್ತಿದ, ನಾನು ಊಟ ಮಾಡು ಅನ್ನಲೂ ಇಲ್ಲ.

ಆಮೇಲೆ ಶುರುವಾದದ್ದು ಸಮಾಧಾನದ ಮಾತು. ಎದುರುಮನೆಯವರು, ಆಟ ತಾನೇ, ಮತ್ತೊಮ್ಮೆ ಆಡಿದರಾಯಿತು ಅಂದರು. ಅವರ ಅಂಗಳದ ರಂಗೋಲಿಯನ್ನು ದನ ತುಳಿದರೆ ಇಡೀ ಓಣಿಗೆ ಕೇಳುವಂತೆ ಕೂಗುವವರು ಅವರು. ಹೆಡ್‌ಮಾಸ್ತರರು, ಎರಡನೇ ಸಲ ಬೇಗ ಆಗುತ್ತದೆ ಬಿಡ್ರಿ, ದಾರಿ ಗೊತ್ತಿರುತ್ತದಲ್ಲ ಅಂದರು. ನಮ್ಮ ಮನೆಯವರು ಅಂದದ್ದನ್ನು ಮೊದಲೇ ಹೇಳಿದ್ದೇನೆ. ಮತ್ತೊಮ್ಮೆ ಶುರು ಮಾಡುವುದು ಅಷ್ಟು ಸುಲಭವಾದರೆ ಇವರೆಲ್ಲ ತಮ್ಮ ತಮ್ಮ ಜೀವನದ ಏಳು ತಿಂಗಳನ್ನು ಕೊಟ್ಟು ತೋರಿಸಲಿ. ಒಂದು ಕಲ್ಲಿಗೆ ಅರ್ಧ ತಾಸು ಬೆರಳು ಜಾರಿಸುತ್ತ ಕೂತದ್ದನ್ನು ನೋಡದವರಿಗೆ ಮತ್ತೊಮ್ಮೆ ಎಂಬ ಶಬ್ದ ನಾಲಿಗೆಯ ತುದಿಯಲ್ಲೇ ಇರುತ್ತದೆ.

ಅವ್ವ ಮಗನನ್ನೂ ಬೈಯಲಿಲ್ಲ. ಡಬ್ಬಿಯನ್ನು ಟೀವಿಯ ಹಿಂದೆ ಇಟ್ಟು, ಮೇಲೊಂದು ಟವೆಲ್ ಮುಚ್ಚಿದಳು. ನಾನು ಒಂದು ದಿನ ಪುಸಲಾಯಿಸಿದೆ, ಒಂದು ದಿನ ಗದರಿದೆ, ಒಂದು ದಿನ ಡಾಕ್ಟರಮ್ಮನ ಹೆಸರು ಹೇಳಿ ಹೆದರಿಸಿದೆ. ಆಕೆ ಕೇಳಿಸಿಕೊಂಡು ಕಿಟಕಿಯ ಕಡೆ ತಿರುಗುತ್ತಿದ್ದಳು. ಮೂರು ವಾರಕ್ಕೆ ಹುಕ್ಕಿಗೆ ಮತ್ತೆ ನನ್ನನ್ನು ಕರೆದಳು. ಕರೆಯುವಾಗ ಹೆಸರು ಹಿಡಿಯಲಿಲ್ಲ, ಕೆಮ್ಮಿದಳು. ರೊಟ್ಟಿ ಎಡಗೈಗೆ ಹೋಯಿತು. ಬಲಗೈಯ ಎರಡು ಬೆರಳು ಒಳಗೆ ಮಡಚಿಕೊಳ್ಳತೊಡಗಿದ್ದನ್ನು ಸ್ನಾನ ಮಾಡಿಸುವಾಗ ನೋಡಿದೆ, ಬಿಡಿಸಲು ಹೋದರೆ ಕೈ ಎಳೆದುಕೊಂಡಳು. ಬಾಗಲಕೋಟೆಯಲ್ಲಿ ಡಾಕ್ಟರಮ್ಮ ಆಕೆಯ ಹೆಬ್ಬೆರಳು ಹಿಡಿದು ನೋಡಿ ನನ್ನ ಮುಖ ನೋಡಿದರು. ಇನ್ನೊಂದೆರಡು ತಿಂಗಳು ಹೀಗೇ ಬಿಟ್ಟರೆ ಆಮೇಲೆ ಬಿಡಿಸುವುದು ಕಷ್ಟ ಎಂದು ಈ ಸಲ ಅವ್ವನ ಮುಂದೆಯೇ ಹೇಳಿದರು.

ಮರಳಿ ಬರುವಾಗ ಬಸ್ಸಿನಲ್ಲಿ ನನಗೊಂದು ಉಪಾಯ ಹೊಳೆಯಿತು. ಅವ್ವನ ಹೊಲದ ಫೋಟೋ ನನ್ನ ಫೋನಿನಲ್ಲಿತ್ತು. ನಕ್ಕ ಬಳಗದವರಿಗೆ ತೋರಿಸಬೇಕೆಂದೇ ತೆಗೆದದ್ದು. ಅದನ್ನು ನೋಡಿ ನಾನೇ ಅಷ್ಟೂ ಹೂವು ನೆಟ್ಟು, ಬಿಟ್ಟ ಜಾಗಕ್ಕೆ ತಂದು ನಿಲ್ಲಿಸಿದರೆ ಅವ್ವ ಅಲ್ಲಿಂದ ಮುಂದುವರಿಸಬಹುದಲ್ಲ. ಅದು ಮೋಸವೆಂದು ಆಗ ಅನ್ನಿಸಲಿಲ್ಲ, ದೊಡ್ಡ ಮಗಳ ಕರ್ತವ್ಯವೆನ್ನಿಸಿತು.

ಮರುದಿನದಿಂದ ಸಾಲೆ ಬಿಟ್ಟು ಬಂದು, ಅವ್ವ ನಮ್ಮ ಅತ್ತೆಯವರ ಜೊತೆ ಕಟ್ಟೆಯ ಮೇಲೆ ಕೂತಾಗ, ಒಳಗೆ ಟೀವಿಯ ದನಿ ಪೂರ್ತಿ ಇಳಿಸಿ ಆಡತೊಡಗಿದೆ. ನನ್ನ ಎರಡೂ ಕೈ ನೆಟ್ಟಗಿದ್ದವು, ಆದರೂ ಮೊದಲ ದಿನವೇ ಹೆಬ್ಬೆರಳು ನೋಯಿತು. ಕಲ್ಲು ಒಡೆ, ಅಗೆ, ಬಿತ್ತು, ನೀರು ಹಾಕು, ಮಲಗಿಸು. ಒಂದು ದಿನ ಮಲಗಿಸುವುದನ್ನು ಮರೆತು ಎದ್ದೆ, ಇಡೀ ಸಂಜೆಯ ಕೆಲಸ ಹೋಯಿತು. ಅಂದು ಡಬ್ಬಿಯನ್ನು ಗೋಡೆಗೆ ಎಸೆಯಬೇಕೆನಿಸಿತು. ಹಣಿಗಿಯ ಹಲ್ಲು ಎಣಿಸುವಾಗ ಫೋಟೋ ಮಬ್ಬಾಗಿ ಕಂಡು, ಎರಡು ಸಲ ತಪ್ಪಿ ಕಿತ್ತು ನೆಟ್ಟೆ. ಆಗ ನನಗೆ ತಮ್ಮನ ಮೇಲಿನ ಸಿಟ್ಟಿನ ಜೊತೆಗೆ ನನ್ನ ಮೇಲೂ ಸಿಟ್ಟು ಬಂತು. ಏಳು ತಿಂಗಳು ಅವ್ವ ಇದೇ ಕೋಣೆಯಲ್ಲಿ ಕೂತು ಇಷ್ಟು ಎಣಿಸಿದ್ದಳು, ನಾನು ಒಂದು ಸಂಜೆಯೂ ಪಕ್ಕದಲ್ಲಿ ಕೂತು ನೋಡಿರಲಿಲ್ಲ. ಚಲೋ ಆತು, ಕೈಗೆ ವ್ಯಾಯಾಮ ಆತು ಎಂದು ಒಗ್ಗರಣೆ ಹಾಕಲು ಎದ್ದು ಹೋಗುತ್ತಿದ್ದೆ.

ತಮ್ಮ ರವಿವಾರ ತಪ್ಪದೆ ಬರುತ್ತಿದ್ದ. ಅವ್ವನ ಕಾಲ ಬಳಿ ಕೂತು, ಆಕೆ ಕೇಳದಿದ್ದರೂ ಕಾಲು ಒತ್ತಿ ಹೋಗುತ್ತಿದ್ದ. ನನ್ನ ಜೊತೆ ಮಾತಿರಲಿಲ್ಲ. ನಾನು ಆಡುವುದು ಅವನಿಗೆ ಗೊತ್ತಾಗಿ, ಬೇಲಿ ಸರಿಸುವ ಬಗೆಯನ್ನು ಒಂದು ಚೀಟಿಯಲ್ಲಿ ಬರೆದು ಟೀವಿಯ ಕೆಳಗೆ ಇಟ್ಟು ಹೋದ. ಅದನ್ನು ಹರಿದು ಹಾಕಬೇಕೆಂದುಕೊಂಡೆ. ಆದರೆ ಬೇಲಿ ಸರಿಸುವುದು ನನಗೆ ಬರುತ್ತಿರಲಿಲ್ಲ, ಸುಮ್ಮನೆ ಓದಿ ಹಾಗೇ ಮಾಡಿದೆ.

ಇಪ್ಪತ್ತೆರಡು ದಿನಕ್ಕೆ ಮುಗಿಯಿತು. ಆರೋಗ್ಯವಂತ ಕೈ ಅಲ್ಲವೇ, ಅದೂ ಹೊಟ್ಟೆಯುರಿಯಿಂದ ಓಡುವ ಕೈ. ಕೆಂಪು, ಬಿಳಿ, ಹಣಿಗಿ, ಕೋಟೆ, ತೆನೆ, ನಾಲ್ಕನೇ ಸಾಲಿಗೆ ಬೇಕಾದಷ್ಟು ಖಾಲಿ ನೆಲ. ಸಾಲೆಗೆ ರಜೆ ಇದ್ದ ಒಂದು ದಿನ ಬೆಳಿಗ್ಗೆ, ಚಹಾ ಆದ ಮೇಲೆ, ಅವ್ವನನ್ನು ಟೀವಿಯ ಮುಂದೆ ಕೂರಿಸಿ ಹಚ್ಚಿದೆ. ನಿನ್ನ ಹೊಲ ಸಿಕ್ಕಿದೆ ನೋಡು ಅಂದೆ. ಸುಳ್ಳು ನನ್ನ ಬಾಯಿಂದ ಎಷ್ಟು ಸಲೀಸಾಗಿ ಬಂತೆಂದರೆ ನನಗೇ ಅಚ್ಚರಿಯಾಯಿತು.

ಅವ್ವ ಮುಂದಕ್ಕೆ ಬಾಗಿದಳು. ಕಣ್ಣು ಸಣ್ಣದು ಮಾಡಿ ಎಡದಿಂದ ಬಲಕ್ಕೆ ನೋಡಿದಳು, ಮತ್ತೆ ಬಲದಿಂದ ಎಡಕ್ಕೆ. ಅಂಗಡಿಯಲ್ಲಿ ಬೇರೆಯವರು ನೇಯ್ದ ಸೀರೆಯನ್ನು ಬೆಳಕಿಗೆ ಹಿಡಿದು ಹೀಗೇ ನೋಡುತ್ತಿದ್ದಳು. ಒಂದೇ ಸೀರೆಯಲ್ಲಿ ಎರಡು ಕೈ ಬಿದ್ದರೆ ಆಕೆ ಬೊಟ್ಟು ಇಟ್ಟು ಹೇಳುತ್ತಿದ್ದಳು, ಇಲ್ಲಿವರೆಗೆ ಒಬ್ಬರು, ಇಲ್ಲಿಂದ ಇನ್ನೊಬ್ಬರು ಎಂದು. ಒಬ್ಬರ ಬಿಗಿ ಇನ್ನೊಬ್ಬರಿಗೆ ಬರುವುದಿಲ್ಲವಂತೆ. ನಾನು ಆ ಮಾತು ನೂಲಿಗೆ ಮಾತ್ರ ಎಂದು ತಿಳಿದಿದ್ದೆ.

"ಚಂದ ಐತಿ" ಅಂದಳು. "ಆದರ ಕೈ ಬ್ಯಾರೆ ಐತಿ. ನಿಂದಿದು."

ಅಲ್ಲವೆಂದೆ. ತೆನೆಯ ಬಳಿ ಬೊಟ್ಟು ಮಾಡಿದಳು. ಆಕೆ ಪ್ರತಿ ತೆನೆಯ ತುದಿಯಲ್ಲಿ ಒಂದು ಚೌಕ ಖಾಲಿ ಬಿಡುತ್ತಿದ್ದಳಂತೆ, ಉಸಿರಾಡಲು. ನಾನು ತುಂಬಿಬಿಟ್ಟಿದ್ದೆ. ಸಿಕ್ಕಿಬಿದ್ದೆ, ಒಪ್ಪಿಕೊಂಡೆ. ಇಪ್ಪತ್ತೆರಡು ದಿನ ಮಾಡಿದ್ದೇನೆ, ಇಲ್ಲಿಂದ ನೀನು ಮುಂದುವರಿಸು, ಕೈ ಉಳಿದರೆ ಸಾಕು ಎಂದು ಬೇಡಿಕೊಂಡೆ. ಆಕೆ, ಇದನ್ನು ಅಳಿಸು ಅಂದಳು. ನಾನು ಆಗುವುದಿಲ್ಲ ಅಂದೆ. ಮತ್ತೆ ಅಂದಳು. ನನ್ನ ದನಿ ಏರಿತು. ಒಮ್ಮೆ ಅಳಿಸಿದ್ದಕ್ಕೆ ಇಡೀ ಮನೆ ಮಸಣವಾಗಿದೆ, ತಮ್ಮನ ಜೊತೆ ಮಾತಿಲ್ಲ, ಈಗ ನನ್ನ ಕೈಯಿಂದಲೇ ಅಳಿಸು ಅನ್ನುತ್ತೀಯಾ, ನಾನೇನು ಬಿಟ್ಟಿ ಬಿದ್ದಿದ್ದೇನಾ ಎಂದು ಕೇಳಿದೆ.

"ಹಂಗಾರ ಇಲ್ಲಿ ಕೊಡು" ಅಂದಳು ಅವ್ವ.

ಡಬ್ಬಿಯನ್ನು ಕಸಿದುಕೊಂಡಳು ಎಂದೇ ಹೇಳಬೇಕು. ಅಳಿಸುವ ಜಾಗಕ್ಕೆ ನಾನು ಎಂದೂ ಹೋದವಳಲ್ಲ, ಅದು ಹೇಗಿರುತ್ತದೆಂದು ಆವತ್ತೇ ನೋಡಿದ್ದು. ಎರಡು ಸಲ ಕೇಳುವುದು ನಿಜ. ಎರಡಕ್ಕೂ ಹೌದು ಅಂದ ಮೇಲೆ, ಗುಂಡಿಯನ್ನು ಒತ್ತಿ ಬಿಟ್ಟರೆ ಆಗುವುದಿಲ್ಲ, ಒತ್ತಿ ಹಿಡಿದಿರಬೇಕು. ಹಿಡಿದಷ್ಟು ಹೊತ್ತು ಒಂದು ಬಿಳಿ ಬಳೆ ಸ್ವಲ್ಪ ಸ್ವಲ್ಪವೇ ತುಂಬುತ್ತ ಹೋಗುತ್ತದೆ, ಅದು ಪೂರ್ತಿ ತುಂಬಿದರೆ ಮಾತ್ರ ಅಳಿಯುತ್ತದೆ. ನಡುವೆ ಬೆರಳು ಸಡಿಲಾದರೆ ಬಳೆ ಖಾಲಿಯಾಗಿ ಮೊದಲಿನಿಂದ. ಇಷ್ಟು ಹೊತ್ತು ಹಿಡಿದುಕೊಂಡು ಕೂತಿದ್ದನಲ್ಲ ಅವನು ಎಂದು ತಮ್ಮನ ಮೇಲೆ ಮತ್ತೊಮ್ಮೆ ಸಿಟ್ಟು ಉಕ್ಕಿತು.

ಅವ್ವ ಬಲಗೈಯ ಮಡಚಿದ ಬೆರಳುಗಳನ್ನು ಎಡಗೈಯಿಂದ ಒಂದೊಂದಾಗಿ ಬಿಡಿಸಿ ಡಬ್ಬಿಗೆ ಸುತ್ತಿದಳು. ಹೆಬ್ಬೆರಳನ್ನು ಗುಂಡಿಯ ಮೇಲಿಟ್ಟಳು. ಎಡಗೈಯನ್ನು ತೊಡೆಯ ಕೆಳಗೆ ಹಾಕಿಕೊಂಡು ಅದರ ಮೇಲೆ ಕೂತಳು. ಬಳೆ ಕಾಲುಭಾಗ ತುಂಬಿತು, ಬೆರಳು ಜಾರಿತು. ಮತ್ತೆ ಇಟ್ಟಳು. ಅರ್ಧ ತುಂಬಿತು, ಮೊಣಕೈ ನಡುಗಿತು, ಜಾರಿತು. ಸಾಕು ಬಿಡವ್ವಾ ಎಂದು ಡಬ್ಬಿಗೆ ಕೈ ಹಾಕಿದೆ. ಭುಜದಿಂದ ನನ್ನನ್ನು ದೂಡಿದಳು. ಮೂರನೆಯ ಸಲ ಒತ್ತಿದಾಗ ಉಗುರು ಬೆಳ್ಳಗಾಯಿತು, ಕುತ್ತಿಗೆಯ ನರ ಎದ್ದವು, ಬಾಯಿ ಒಂದು ಕಡೆ ಸೊಟ್ಟಗಾಯಿತು. ಬೆರಳು ಬಿಡಲಿಲ್ಲ. ಬಳೆ ಮುಕ್ಕಾಲಾಯಿತು, ತುಂಬಿತು.

ಕೆಂಪು ಹೋಯಿತು, ಬಿಳಿ ಹೋಯಿತು. ನನ್ನ ಇಪ್ಪತ್ತೆರಡು ಸಂಜೆ, ನೋಯುವ ಹೆಬ್ಬೆರಳು, ಎರಡು ಸಲ ಕಿತ್ತು ನೆಟ್ಟ ಹಲ್ಲು, ಎಲ್ಲ ನನ್ನ ಕಣ್ಣೆದುರೇ ಹೋಯಿತು. ನನಗೆ ಅಳು ಬಂತು. ಅದರಲ್ಲಿ ಮುಕ್ಕಾಲು ಪಾಲು ಸಿಟ್ಟೇ ಇತ್ತು, ಸುಳ್ಳು ಯಾಕೆ ಹೇಳಲಿ. ಒಂದು ಮಾತು ಕೇಳದೆ, ನಾನು ಪಟ್ಟ ಪಾಡಿಗೆ ಒಂದು ಬೆಲೆ ಇಲ್ಲದೆ ಅಳಿಸಿಬಿಟ್ಟಳಲ್ಲ ಎಂದು ಕಣ್ಣು ಒರೆಸಿಕೊಳ್ಳುತ್ತಲೇ ಇದ್ದೆ. ಟೀವಿಯಲ್ಲಿ ಕಲ್ಲು, ಕಸ, ಕಂಟಿ. ಟೋಪಿಯ ಮನುಷ್ಯ ಮೊದಲ ಕಲ್ಲಿನ ಕಡೆ ಹೆಜ್ಜೆ ಹಾಕಿದ.

"ಅತ್ಲಾಗ ಸರಿಯವಾ" ಅಂದಳು ಅವ್ವ. "ನಡುವ ಕುಂತೀ, ಕಾಣವಲ್ದು."

ನನ್ನ ಮನೆ, ನನ್ನ ಟೀವಿ, ಅಳಿದದ್ದು ನನ್ನ ಹೊಲ. ಆದರೂ ಸರಿದು ಕೂತೆ.